ಜೋಳದ ಚೌಡರ್: ನಿಧಾನದ ಪಾತ್ರೆಗೆ ಒಪ್ಪಿಸಬೇಕಾದದ್ದು, ಒಪ್ಪಿಸಬಾರದ್ದು

ಆಗಸ್ಟ್ ಮುಗಿಯುತ್ತ ಬರುವ ಹೊತ್ತಿಗೆ ಅಮೆರಿಕದ ಈಶಾನ್ಯ ಮೂಲೆಯ ನ್ಯೂ ಇಂಗ್ಲೆಂಡ್ ಸೀಮೆಯಲ್ಲಿ ರಸ್ತೆಬದಿಯ ತೋಟದಂಗಡಿಗಳ ಮುಂದೆ ಮುಸುಕಿನ ಜೋಳದ ರಾಶಿ ಬೀಳುತ್ತದೆ. ಅಂದೇ ಬೆಳಿಗ್ಗೆ ಮುರಿದು ತಂದ ತೆನೆಗಳು. ಜನ ಡಜನ್ ಲೆಕ್ಕದಲ್ಲಿ ಕೊಂಡೊಯ್ದು, ಬೇಯಿಸಿ, ಬೆಣ್ಣೆ ಸವರಿ, ಉಪ್ಪು ಉದುರಿಸಿ ತಿನ್ನುತ್ತಾರೆ. ಸೆಪ್ಟೆಂಬರ್ ನಡುವಿಗೆ ಬಂದು ಸಂಜೆಯ ಗಾಳಿಗೆ ಚಳಿ ಸೇರಿಕೊಂಡ ಮೇಲೆ ಅದೇ ತೆನೆ ಬೇರೆ ದಾರಿ ಹಿಡಿಯುತ್ತದೆ. ಕಾಳು ಬಿಡಿಸಿ, ಆಲೂಗಡ್ಡೆ, ಈರುಳ್ಳಿ, ಹಾಲು ಸೇರಿಸಿ ಚೌಡರ್ ಮಾಡುತ್ತಾರೆ. ಇದು ಲೋಟದಲ್ಲಿ ಹೀರುವ ತೆಳು ಸೂಪಲ್ಲ. ಚಮಚ ಮುಳುಗಿಸಿದರೆ ತುಂಡುಗಳು ಸಿಗಬೇಕು, ಒಂದು ಬಟ್ಟಲು ಉಂಡರೆ ರಾತ್ರಿಯ ಊಟ ಮುಗಿಯಬೇಕು.

ಈಗ ಅಲ್ಲಿನ ಅನೇಕ ಮನೆಗಳಲ್ಲಿ ಇದನ್ನು ಮಾಡುವುದು ಸ್ಲೋ ಕುಕ್ಕರಿನಲ್ಲಿ. ಬೆಳಿಗ್ಗೆ ಎಲ್ಲವನ್ನೂ ಒಟ್ಟಿಗೆ ಸುರಿದು, ಮುಚ್ಚಳ ಮುಚ್ಚಿ, ಕೆಲಸಕ್ಕೆ ಹೋಗಿ, ಸಂಜೆ ಬಂದು ಬಡಿಸಿಕೊಳ್ಳಿ ಎನ್ನುವುದು ಎಲ್ಲೆಲ್ಲೂ ಕೇಳಿಬರುವ ಸಲಹೆ. ಅದನ್ನು ಹಾಗೆಯೇ ಪಾಲಿಸಿದರೆ ಸಿಗುವುದು ಒಡೆದ ಹಾಲು, ಬಣ್ಣಗೆಟ್ಟ ಕಾಳು, ಎಂಟು ಗಂಟೆ ಬೆಂದರೂ ಎಲ್ಲೋ ಗಟ್ಟಿ ಉಳಿದ ಆಲೂಗಡ್ಡೆ. ತಪ್ಪು ಪಾತ್ರೆಯದಲ್ಲ. ಚೌಡರಿನ ಅರ್ಧ ಕೆಲಸ ಈ ಪಾತ್ರೆಗೆ ಹೇಳಿ ಮಾಡಿಸಿದ್ದು. ಇನ್ನರ್ಧ ಅದರ ಸ್ವಭಾವಕ್ಕೇ ಒಗ್ಗದ್ದು. ಯಾವುದು ಯಾವಾಗ ಒಳಗೆ ಇಳಿಯಬೇಕು ಎಂಬ ಸರದಿ ಗೊತ್ತಿದ್ದರೆ ಇದರಷ್ಟು ನೆಮ್ಮದಿಯ ಅಡುಗೆ ಕಡಿಮೆ.

ಈ ಸರದಿಯ ಮಾತು ಇವತ್ತಿನದಲ್ಲ. ಅಮೆರಿಕದಲ್ಲಿ ಅಚ್ಚಾದ ಮೊದಲ ಚೌಡರ್ ಪಾಕವಿಧಾನ ಎಂದು ಇತಿಹಾಸಕಾರರು ತೋರಿಸುವುದು 1751ರ ಸೆಪ್ಟೆಂಬರಿನಲ್ಲಿ ಬಾಸ್ಟನ್ ಈವ್ನಿಂಗ್ ಪೋಸ್ಟ್ ಪತ್ರಿಕೆ ಪ್ರಕಟಿಸಿದ್ದನ್ನು. ಅದು ಪದ್ಯದಲ್ಲಿದೆ. ಅದರಲ್ಲಿ ಹಾಲೂ ಇಲ್ಲ, ಆಲೂಗಡ್ಡೆಯೂ ಇಲ್ಲ, ಜೋಳವಂತೂ ಇಲ್ಲವೇ ಇಲ್ಲ. ಮೀನು, ಉಪ್ಪಿಟ್ಟ ಹಂದಿಮಾಂಸ, ಈರುಳ್ಳಿ, ಹಡಗಿನವರು ಒಯ್ಯುತ್ತಿದ್ದ ಕಲ್ಲಿನಂಥ ಒಣ ಬಿಸ್ಕತ್ತು, ಇವೇ ಮುಖ್ಯ ಸಾಮಾನು. ಮೊದಲು ತಳಕ್ಕೆ ಈರುಳ್ಳಿ, ಇಲ್ಲದಿದ್ದರೆ ಮಾಂಸ ಸೀದೀತು. ಅದರ ಮೇಲೆ ಮಾಂಸ, ಆಮೇಲೆ ಮೀನು, ಬಿಸ್ಕತ್ತು. ಹೀಗೆ ಪದರದ ಮೇಲೆ ಪದರ. ಒಮ್ಮೆ ಒಲೆಗೇರಿಸಿದ ಮೇಲೆ ಕೈಯಾಡಿಸುವ ಅಡುಗೆಯಲ್ಲ ಇದು. ಹಾಗಾಗಿ ಅಡುಗೆಯ ಜಾಣತನವೆಲ್ಲ ಜೋಡಿಸುವ ಕ್ರಮದಲ್ಲೇ ಇತ್ತು. ಮೀನುಗಾರರ ದೋಣಿಯ ಮೇಲಿನ ಒಂದೇ ಪಾತ್ರೆಯ ಊಟ ದಡಕ್ಕೆ ಬಂದು ಮನೆಯ ಊಟವಾದದ್ದು ಹೀಗೆ. ನೂರು ವರ್ಷ ಕಳೆದು 1851ರಲ್ಲಿ ಹರ್ಮನ್ ಮೆಲ್ವಿಲ್ ತನ್ನ 'ಮೊಬಿ ಡಿಕ್' ಕಾದಂಬರಿಯ ಒಂದು ಅಧ್ಯಾಯವನ್ನೇ ನಾಂಟಕೆಟ್ ದ್ವೀಪದ ಚೌಡರ್ ಹೋಟೆಲಿಗೆ ಬಿಟ್ಟುಕೊಟ್ಟ. ಅಷ್ಟರಲ್ಲಿ ಅದು ಆ ಕರಾವಳಿಯ ಗುರುತಾಗಿಬಿಟ್ಟಿತ್ತು.

ಆಲೂಗಡ್ಡೆ ನಿಧಾನವಾಗಿ ಒಣ ಬಿಸ್ಕತ್ತಿನ ಜಾಗ ಹಿಡಿಯಿತು. 1719ರಲ್ಲಿ ನ್ಯೂ ಹ್ಯಾಂಪ್‌ಶೈರಿನಲ್ಲಿ ನೆಲೆಸಿದ ಸ್ಕಾಟ್-ಐರಿಷ್ ವಲಸಿಗರು ಅದನ್ನು ಅಲ್ಲಿ ನೆಟ್ಟರು ಎಂದು ಆ ರಾಜ್ಯ ಹೆಮ್ಮೆಯಿಂದ ಹೇಳಿಕೊಳ್ಳುತ್ತದೆ. ಮುಂದೆ ಉತ್ತರದ ಮೇನ್ ರಾಜ್ಯದ ಅರೂಸ್ಟುಕ್ ಕೌಂಟಿ ಆಲೂಗಡ್ಡೆಯ ಸೀಮೆಯೇ ಆಯಿತು. ಗಡ್ಡೆ ಅಗೆಯುವ ಕಾಲಕ್ಕೆ ಅಲ್ಲಿನ ಶಾಲೆಗಳು ಮಕ್ಕಳಿಗೆ ಸುಗ್ಗಿಯ ರಜೆ ಕೊಡುವ ರೂಢಿ ಇತ್ತು. ಕೆಲವು ಶಾಲೆಗಳಲ್ಲಿ ಇನ್ನೂ ಉಳಿದಿದೆ. ಹಾಲು ಸೇರಿದ್ದೂ ಹತ್ತೊಂಬತ್ತನೆಯ ಶತಮಾನದ ಮಾತು. ಕ್ಲಾಮ್ ಎಂಬ ಚಿಪ್ಪುಜೀವಿ, ಅಂದರೆ ನಮ್ಮ ಕರಾವಳಿಯವರ ಮರುವಾಯಿಯ ಬಳಗದ್ದು, ಸೇರಿದ ಬಿಳಿಯ ಚೌಡರಿಗೆ ಟೊಮೆಟೊ ಹಾಕಬಹುದೇ ಎಂಬ ಜಗಳ 1939ರಲ್ಲಿ ಮೇನ್ ಶಾಸನಸಭೆಯವರೆಗೂ ಹೋಯಿತು. ಟೊಮೆಟೊ ಹಾಕುವುದನ್ನು ನಿಷೇಧಿಸಬೇಕೆಂದು ಅಲ್ಲಿನ ಶಾಸಕರೊಬ್ಬರು ಮಸೂದೆ ಮುಂದಿಟ್ಟಿದ್ದರು. ಅಡುಗೆಯ ಬಗ್ಗೆ ಅಷ್ಟು ಕಾಳಜಿ ಇರುವ ಜನರನ್ನು ನಾನು ಗೌರವಿಸುತ್ತೇನೆ.

ಸಮುದ್ರದಿಂದ ದೂರ ಇದ್ದವರಿಗೆ ಮೀನೆಲ್ಲಿ? ಅವರ ಪಾಲಿಗೆ ಜೋಳವೇ ಮೀನಾಯಿತು. ಆದರೆ ಜೋಳ ಆ ನೆಲಕ್ಕೆ ಹೊಸದಲ್ಲ. ವಲಸಿಗರು ಬರುವುದಕ್ಕೆ ಶತಮಾನಗಳ ಮೊದಲೇ ವಾಂಪನೋಗ್, ಅಬೆನಕಿ, ಹೌಡೆನೊಸೌನಿ ಜನ ಅದನ್ನು ಹುರುಳಿಕಾಯಿ ಮತ್ತು ಕುಂಬಳದ ಜೊತೆ ಒಂದೇ ಹೊಲದಲ್ಲಿ ಬೆಳೆದು, ಜೋಳ ಮತ್ತು ಬೀನ್ಸ್ ಸೇರಿಸಿ ಮಂದ ಸಾರು ಬೇಯಿಸುತ್ತಿದ್ದರು. ಸಿಹಿಜೋಳ ವಲಸಿಗರ ಕೈ ಸೇರಿದ ಕಥೆಯಲ್ಲಿ ನೋವಿದೆ. 1779ರಲ್ಲಿ ಜನರಲ್ ಸಲಿವನ್ ನೇತೃತ್ವದ ಸೇನೆ ಹೌಡೆನೊಸೌನಿ ಜನರ ಊರುಗಳನ್ನೂ ಬೆಳೆದು ನಿಂತ ಜೋಳದ ಹೊಲಗಳನ್ನೂ ಸುಟ್ಟುಹಾಕಿತು. ಆ ದಂಡಯಾತ್ರೆಯಿಂದ ಮರಳಿದ ಸೈನಿಕನೊಬ್ಬ ಸಿಹಿಜೋಳದ ಕೆಲವು ತೆನೆಗಳನ್ನು ಪ್ಲಿಮತ್ತಿಗೆ ತಂದ ಎಂಬ ಮಾತು ಹಳೆಯ ಕೃಷಿ ಬರಹಗಳಲ್ಲಿ ಬರುತ್ತದೆ. ಜೋಳದ ಚೌಡರನ್ನು ವಲಸಿಗರ ಅಡುಗೆ ಎಂದಷ್ಟೇ ಬಣ್ಣಿಸುವಾಗ ಆ ಸುಟ್ಟ ಹೊಲಗಳನ್ನು ಬಿಟ್ಟುಬಿಡುವುದು ನ್ಯಾಯವಲ್ಲ.

ತೆನೆಯ ಕಾಲ ಚಿಕ್ಕದು, ಚಳಿಗಾಲ ಉದ್ದ. ಈ ಅಂತರವನ್ನು ತುಂಬಿದ್ದು ಡಬ್ಬಿ. ಮೇನ್ ರಾಜ್ಯದ ಐಸಾಕ್ ವಿನ್ಸ್‌ಲೋ ಜೋಳವನ್ನು ಡಬ್ಬಿಯಲ್ಲಿ ಕೆಡದಂತೆ ಉಳಿಸುವ ಪ್ರಯೋಗಕ್ಕೆ ವರ್ಷಗಟ್ಟಲೆ ಕೈಹಾಕಿ 1862ರಲ್ಲಿ ಪೇಟೆಂಟ್ ಪಡೆದ. ಮೇನ್ ರಾಜ್ಯದಲ್ಲಿ ಜೋಳದ ಡಬ್ಬಿಯ ಕಾರ್ಖಾನೆಗಳು ಎದ್ದವು. 1896ರಲ್ಲಿ ಬಾಸ್ಟನ್ ಅಡುಗೆ ಶಾಲೆಯ ಮುಖ್ಯಸ್ಥೆ ಫ್ಯಾನಿ ಫಾರ್ಮರ್ ಬರೆದ ಪ್ರಸಿದ್ಧ ಪುಸ್ತಕದಲ್ಲಿ ಜೋಳದ ಚೌಡರ್ ಇದೆ. ಅದಕ್ಕೆ ಆಕೆ ಹೇಳಿದ್ದು ಡಬ್ಬಿಯ ಜೋಳವನ್ನೇ. ಮೊದಲ ಮುದ್ರಣದ ಖರ್ಚನ್ನು ಪ್ರಕಾಶಕರು ಆಕೆಯ ಮೇಲೆಯೇ ಹೊರಿಸಿದ್ದರು. ಒಂದು ಚಮಚ ಎಂದರೆ ಗೋಪುರವಿಲ್ಲದ, ಅಂಚಿಗೆ ಸಮವಾದ ಚಮಚ ಎಂದು ಅಡುಗೆಯ ಅಳತೆಗೆ ಶಿಸ್ತು ತಂದವಳು ಆಕೆ. ಆಕೆಯ ಚೌಡರಿನಲ್ಲಿ ಹಂದಿಕೊಬ್ಬು, ಈರುಳ್ಳಿ, ತೆಳುವಾಗಿ ಹೆಚ್ಚಿದ ಆಲೂಗಡ್ಡೆ, ಬಿಸಿ ಹಾಲು, ಬೆಣ್ಣೆ, ಗರಿಗರಿ ಬಿಸ್ಕತ್ತು ಎಲ್ಲ ಇವೆ. ಗಮನಿಸಬೇಕಾದದ್ದು ಹಾಲು ಮತ್ತು ಜೋಳ ಸೇರುವ ಹೊತ್ತು. ಆಲೂಗಡ್ಡೆ ಬೆಂದು ಮೆತ್ತಗಾದ ಮೇಲೆಯೇ ಅವೆರಡೂ ಒಳಗೆ ಇಳಿಯುತ್ತವೆ.

ಇನ್ನು ಆ ಪಾತ್ರೆಯ ಕಥೆ. ಸ್ಲೋ ಕುಕ್ಕರಿನ ಬೇರು ನ್ಯೂ ಇಂಗ್ಲೆಂಡಿನದಲ್ಲ. ಲಿಥುವೇನಿಯಾದ ವಿಲ್ನಾ ನಗರದ ಯಹೂದಿ ಬೀದಿಗಳದ್ದು. ಶುಕ್ರವಾರ ಸೂರ್ಯ ಮುಳುಗಿದ ಮೇಲೆ ಶನಿವಾರ ಸಂಜೆಯವರೆಗೆ ಬೆಂಕಿ ಹೊತ್ತಿಸಬಾರದೆಂಬುದು ಅವರ ಸಬ್ಬತ್ ನಿಯಮ. ಹಾಗಾಗಿ ಬೀನ್ಸ್, ಗೋಧಿಯಂಥ ಧಾನ್ಯ, ಮಾಂಸ, ಗಡ್ಡೆ ತುಂಬಿದ ಮಡಕೆಯನ್ನು ಶುಕ್ರವಾರವೇ ಬ್ರೆಡ್ ಸುಡುವ ಬೇಕರಿಗೆ ಒಯ್ದು ಕೊಡುತ್ತಿದ್ದರು. ಉರಿ ಆರಿದರೂ ಕಾವು ಉಳಿದ ಆ ದೊಡ್ಡ ಒಲೆಯೊಳಗೆ ರಾತ್ರಿಯಿಡೀ ಅದು ಬೇಯುತ್ತಿತ್ತು. ಚೋಲೆಂಟ್ ಎಂದು ಅದರ ಹೆಸರು. ತನ್ನ ತಾಯಿಯಿಂದ ಈ ಕಥೆ ಕೇಳಿ ಬೆಳೆದ ಅಮೆರಿಕದ ಎಂಜಿನಿಯರ್ ಅರ್ವಿಂಗ್ ನ್ಯಾಕ್ಸನ್, ಪಾತ್ರೆಯ ಸುತ್ತಲೂ ಸಮನಾದ ಮಂದ ಕಾವು ಕೊಡುವ ವಿದ್ಯುತ್ ಉಪಕರಣವೊಂದನ್ನು ಕಲ್ಪಿಸಿ 1936ರಲ್ಲಿ ಪೇಟೆಂಟಿಗೆ ಅರ್ಜಿ ಹಾಕಿದ. 1940ರಲ್ಲಿ ಅದು ಸಿಕ್ಕಿತು. ನ್ಯಾಕ್ಸನ್ ಬೀನರಿ ಎಂಬ ಹೆಸರಿನಲ್ಲಿ, ಬೀನ್ಸ್ ಬೇಯಿಸುವ ಪಾತ್ರೆಯಾಗಿ, ಅದು ಮಾರಾಟವಾಗುತ್ತಿತ್ತು.

ಕ್ಯಾನ್ಸಸ್ ಸಿಟಿಯ ರೈವಲ್ ಕಂಪನಿ ನ್ಯಾಕ್ಸನ್‌ನ ಉದ್ಯಮವನ್ನು ಕೊಂಡುಕೊಂಡು, ರೂಪ ತಿದ್ದಿ, 1971ರಲ್ಲಿ ಕ್ರಾಕ್-ಪಾಟ್ ಎಂಬ ಹೆಸರಿನಿಂದ ಮಾರುಕಟ್ಟೆಗೆ ತಂದಿತು. ಹೆಣ್ಣುಮಕ್ಕಳು ದೊಡ್ಡ ಸಂಖ್ಯೆಯಲ್ಲಿ ಹೊರಗೆ ದುಡಿಯಲು ಹೊರಟ ದಶಕ ಅದು. ಸಂಜೆ ಮನೆಗೆ ಬಂದಾಗ ಊಟ ಕಾಯುತ್ತಿರಬೇಕು ಎಂಬ ಆಸೆಗೆ ಈ ಪಾತ್ರೆ ಉತ್ತರವಾಯಿತು. ಕೆಲವೇ ವರ್ಷಗಳಲ್ಲಿ ಒಳಗಿನ ಪಿಂಗಾಣಿ ಬೋಗುಣಿಯನ್ನು ಎತ್ತಿ ತೊಳೆಯುವಂತೆ ಮಾಡಿದರು. 1975ರಲ್ಲಿ ಮೇಬಲ್ ಹಾಫ್‌ಮನ್ ಬರೆದ 'ಕ್ರಾಕರಿ ಕುಕರಿ' ಲಕ್ಷಗಟ್ಟಲೆ ಮಾರಾಟವಾಯಿತು. ಸಬ್ಬತ್ತಿನ ಮಡಕೆ ಮತ್ತು ಮೀನುಗಾರರ ಪಾತ್ರೆ ಅಮೆರಿಕದ ಅಡುಗೆಮನೆಯಲ್ಲಿ ಒಂದಾದದ್ದು ಈ ದಶಕದಲ್ಲಿ.

ಪಾತ್ರೆಯ ಒಳಗೆ ನಡೆಯುವುದೇನು? ಹಳ್ಳಿಮನೆಯಲ್ಲಿ ಕುಳ್ಳಿನ ಬೆಂಕಿಯ ಮೇಲೆ ದಿನವಿಡೀ ಕಾಯುತ್ತಿದ್ದ ಹಾಲಿನ ಗಡಿಗೆಯನ್ನು ಕಂಡವರಿಗೆ ಇದರ ತತ್ತ್ವ ತಿಳಿಯುವುದು ಕಷ್ಟವಲ್ಲ. ದಪ್ಪ ಪಿಂಗಾಣಿಯ ಬೋಗುಣಿಯನ್ನು ಸುತ್ತುವರಿದ ತಂತಿಗಳು ಮಂದವಾಗಿ ಕಾಯುತ್ತವೆ; ಮನೆಯ ಸಾಮಾನ್ಯ ಪಾತ್ರೆ ಎಳೆಯುವುದು ಹೆಚ್ಚೆಂದರೆ 200–300 ವಾಟ್. ಭಾರವಾದ ಮುಚ್ಚಳದ ಅಡಿ ಹಬೆ ಹನಿಯಾಗಿ ಮರಳಿ ಬೀಳುತ್ತದೆ. ಲೋ, ಹೈ ಎಂಬ ಎರಡು ಗುಂಡಿಗಳ ಬಗ್ಗೆ ಹಲವರಲ್ಲಿ ಒಂದು ತಪ್ಪು ತಿಳಿವಳಿಕೆ ಇದೆ. ಬಹುತೇಕ ತಯಾರಕರ ಪಾತ್ರೆಗಳಲ್ಲಿ ಎರಡೂ ಕೊನೆಗೆ ಮುಟ್ಟುವುದು ಒಂದೇ ಜಾಗಕ್ಕೆ, ಕುದಿಬಿಂದುವಿಗಿಂತ ಒಂದೆರಡು ಡಿಗ್ರಿ ಕೆಳಗೆ. ಹೈ ಇಟ್ಟರೆ 3–4 ಗಂಟೆ, ಲೋ ಇಟ್ಟರೆ 7–8 ಗಂಟೆ. ವ್ಯತ್ಯಾಸ ಹೊತ್ತಿನದು ಅಷ್ಟೇ. ನಡುವೆ ಮುಚ್ಚಳ ತೆಗೆದರೆ ಒಳಗಿನ ಕಾವು ಮತ್ತೆ ಕೂಡಿಕೊಳ್ಳಲು ಸುಮಾರು ಇಪ್ಪತ್ತು ನಿಮಿಷ ಬೇಕು. ನೋಡಬೇಕೆಂಬ ಆಸೆಯನ್ನು ಅದುಮಿಡುವುದು ಒಳ್ಳೆಯದು.

ಈ ಮಂದ ಕಾವಿನಿಂದ ಮೂರು ಪರಿಣಾಮಗಳಿವೆ. ನೀರು ಆವಿಯಾಗಿ ಹೋಗದ ಕಾರಣ ಒಲೆಯ ಮೇಲಿನ ಅಳತೆಯಷ್ಟು ನೀರು ಹಾಕಿದರೆ ಚೌಡರ್ ನೀರುನೀರಾಗುತ್ತದೆ. ಯಾವುದೂ 100 ಡಿಗ್ರಿ ದಾಟದ ಕಾರಣ ಈರುಳ್ಳಿ ಕೆಂಪಾಗುವುದಿಲ್ಲ. ಆ ಹೊಂಬಣ್ಣ, ಆ ಪರಿಮಳ ಹುಟ್ಟಲು ಅದಕ್ಕಿಂತ ಬಹಳ ಹೆಚ್ಚಿನ ಶಾಖ ಬೇಕು. ಮೂರನೆಯದು ಆಲೂಗಡ್ಡೆಯದು. ಇದನ್ನು ಸ್ವಲ್ಪ ಬಿಡಿಸಿ ಹೇಳಬೇಕು, ಏಕೆಂದರೆ ಹೆಚ್ಚಿನವರಿಗೆ ಬೇಸರ ತರುವುದು ಇದೇ.

ಆಲೂಗಡ್ಡೆಯ ಕೋಶಗಳನ್ನು ಅಂಟಿಸಿ ಹಿಡಿದಿರುವುದು ಪೆಕ್ಟಿನ್. ಅದು ಸಡಿಲಗೊಳ್ಳಲು 80 ಡಿಗ್ರಿಗೂ ಹೆಚ್ಚಿನ ಶಾಖ ಬೇಕು. ಆದರೆ ಗಡ್ಡೆಯೊಳಗೇ ಇರುವ ಒಂದು ಕಿಣ್ವ 55–65 ಡಿಗ್ರಿಯ ಸುಮಾರಿಗೆ ಚುರುಕಾಗಿ, ಪೆಕ್ಟಿನ್ ಕ್ಯಾಲ್ಸಿಯಂ ಜೊತೆ ಬಿಗಿಯಾಗಿ ಹೆಣೆದುಕೊಳ್ಳುವಂತೆ ಮಾಡುತ್ತದೆ. ಒಲೆಯ ಮೇಲೆ ಈ ಹಂತ ಕೆಲವೇ ನಿಮಿಷಗಳಲ್ಲಿ ದಾಟಿಹೋಗುತ್ತದೆ. ತಣ್ಣೀರು ಹಾಕಿ ಲೋ ಗುಂಡಿ ಒತ್ತಿದ ಸ್ಲೋ ಕುಕ್ಕರಿನಲ್ಲಿ ಗಡ್ಡೆ ಗಂಟೆಗಟ್ಟಲೆ ಅಲ್ಲೇ ತಂಗುತ್ತದೆ, ಒಳಗಿಂದ ಬಿಗಿಯಾಗುತ್ತದೆ. ಆಮೇಲೆ ಎಷ್ಟು ಬೇಯಿಸಿದರೂ ಪೂರ್ತಿ ಮೆತ್ತಗಾಗದ ತುಂಡುಗಳು ಉಳಿಯುವುದು ಈ ಕಾರಣದಿಂದ. ಪರಿಹಾರ ಸುಲಭ. ನೀರನ್ನು ಕುದಿಸಿಯೇ ಸುರಿಯಬೇಕು, ತುಂಡುಗಳನ್ನು ಒಂದೂವರೆ ಸೆಂಟಿಮೀಟರಿಗಿಂತ ದೊಡ್ಡದು ಮಾಡಬಾರದು, ಅವು ತಳಕ್ಕೂ ಅಂಚಿಗೂ ತಾಗಿ ಕೂರಬೇಕು. ಹುಳಿಯ ಪದಾರ್ಥ ಯಾವುದನ್ನೂ ಮೊದಲು ಹಾಕಬಾರದು. ಹುಳಿ ಕೂಡ ಪೆಕ್ಟಿನ್ ಕರಗಲು ಬಿಡುವುದಿಲ್ಲ. ಇಷ್ಟು ಮಾಡಿದರೆ ಅದೇ ಬಿಗಿತ ಉಪಕಾರಿ. ತುಂಡುಗಳು ಮೆತ್ತಗಾದರೂ ಕದಡಿ ಹೋಗದೆ ಚಮಚಕ್ಕೆ ಸಿಗುತ್ತವೆ.

ಆರು ಜನರಿಗೆ ಆಗುವಷ್ಟು ಅಳತೆ ಹೇಳುತ್ತೇನೆ. ಆರು ತೆನೆ ಸಿಹಿಜೋಳ, ಮುಕ್ಕಾಲು ಕಿಲೊ ಆಲೂಗಡ್ಡೆ, ಒಂದು ದೊಡ್ಡ ಈರುಳ್ಳಿ, ಎರಡು ದಂಟು ಸೆಲೆರಿ, ಎರಡು ಎಸಳು ಬೆಳ್ಳುಳ್ಳಿ, ಎರಡು ದೊಡ್ಡ ಚಮಚ ಬೆಣ್ಣೆ, ಒಂದು ಬೇ ಎಲೆ, ಸ್ವಲ್ಪ ಥೈಮ್, ನಾಲ್ಕು ಕಪ್ ಕುದಿಯುವ ನೀರು, ಒಂದೂವರೆ ಕಪ್ ಗಟ್ಟಿ ಹಾಲು, ಅರ್ಧ ಕಪ್ ಕೆನೆ, ಉಪ್ಪು, ಕಾಳುಮೆಣಸು. ಐದೂವರೆ ಲೀಟರಿನ ಪಾತ್ರೆಗೆ ಇದು ಸರಿಯಾಗುತ್ತದೆ. ಪಾತ್ರೆ ಅರ್ಧಕ್ಕಿಂತ ಕಡಿಮೆಯಾದರೆ ಅಂಚಿನಲ್ಲಿ ಸೀಯುತ್ತದೆ, ಮುಕ್ಕಾಲು ದಾಟಿದರೆ ನಡುಭಾಗ ಕಾಯಲು ತಡವಾಗುತ್ತದೆ.

ತೆನೆಯನ್ನು ಅಗಲ ತಟ್ಟೆಯಲ್ಲಿ ನೆಟ್ಟಗೆ ನಿಲ್ಲಿಸಿ ಚಾಕುವಿನಿಂದ ಕಾಳನ್ನು ಕೆಳಮುಖವಾಗಿ ಹೆರೆದು ತೆಗೆಯಿರಿ, ತೀರಾ ಆಳಕ್ಕೆ ಹೋಗಬೇಡಿ. ಬಳಿಕ ಚಾಕುವಿನ ಮೊಂಡು ಬೆನ್ನಿನಿಂದ ದಿಂಡನ್ನು ಮೇಲಿಂದ ಕೆಳಕ್ಕೆ ಒತ್ತಿ ಉಜ್ಜಿದರೆ ಹಾಲಿನಂಥ ಬಿಳಿ ರಸ ಇಳಿಯುತ್ತದೆ. ಅದನ್ನು ಕಾಳಿನ ಜೊತೆ ತೆಗೆದಿಡಿ, ಎರಡೂ ಫ್ರಿಜ್ಜಿಗೆ ಹೋಗಲಿ. ಬೆಳಿಗ್ಗೆ ಪಾತ್ರೆಗೆ ಇಳಿಯಬೇಕಾದದ್ದು ಕಾಳಲ್ಲ, ದಿಂಡು. ಎರಡು ಮೂರು ತುಂಡು ಮಾಡಿದ ದಿಂಡುಗಳು ಆರೇಳು ಗಂಟೆ ಬೆಂದು ಕೊಡುವ ಸಿಹಿಯಾದ ಕಟ್ಟಿನ ಮುಂದೆ ಅಂಗಡಿಯ ತರಕಾರಿ ಸ್ಟಾಕಿನ ಪೊಟ್ಟಣ ಏನೂ ಅಲ್ಲ. ಒಲೆಯ ಮುಂದೆ ನಿಂತು ಅಷ್ಟು ಹೊತ್ತು ಕಾಯುವುದು ಯಾರಿಗೂ ಆಗದು. ಸ್ಲೋ ಕುಕ್ಕರ್ ನಿಜವಾಗಿ ಗೆಲ್ಲುವ ಜಾಗ ಇದು. ದಿಂಡನ್ನು ಕಸಕ್ಕೆ ಎಸೆದು ಚೌಡರ್ ಮಾಡುವವರನ್ನು ಕಂಡರೆ ನನಗೆ ಸಂಕಟವಾಗುತ್ತದೆ.

ಬೆಣ್ಣೆಯಲ್ಲಿ ಈರುಳ್ಳಿ, ಸೆಲೆರಿಯನ್ನು ಬಾಣಲೆಯಲ್ಲಿ ಹತ್ತು ನಿಮಿಷ ಹುರಿಯುವ ಕೆಲಸ ಮಾತ್ರ ಒಲೆಯದು. ಇದನ್ನು ತಪ್ಪಿಸಿದರೆ ಹಸಿ ಈರುಳ್ಳಿಯ ವಾಸನೆ ಸಂಜೆಯವರೆಗೂ ಪಾತ್ರೆ ಬಿಡುವುದಿಲ್ಲ. ಬೆಳ್ಳುಳ್ಳಿ ಕೊನೆಯ ಅರ್ಧ ನಿಮಿಷಕ್ಕೆ ಸಾಕು. ಮಾಂಸ ತಿನ್ನುವವರು ಹಳೆಯ ಕ್ರಮದಂತೆ ಬೇಕನ್ ಅಥವಾ ಉಪ್ಪಿಟ್ಟ ಹಂದಿಕೊಬ್ಬನ್ನು ಮೊದಲು ಕರಗಿಸಿ ಅದರಲ್ಲೇ ಹುರಿಯುತ್ತಾರೆ. ಸಸ್ಯಾಹಾರಿಗಳಿಗೆ ಬೆಣ್ಣೆಯೇ ಸಾಲುತ್ತದೆ. ಹೊಗೆಯ ಸ್ಪರ್ಶ ಬೇಕಾದರೆ ಹೊಗೆಯಾಡಿಸಿದ ಪಾಪ್ರಿಕಾ ಪುಡಿ ಅರ್ಧ ಚಮಚ. ಹುರಿದದ್ದನ್ನು ಪಾತ್ರೆಗೆ ಬಗ್ಗಿಸಿ, ಆಲೂಗಡ್ಡೆ ಹರಡಿ, ದಿಂಡು, ಎಲೆ, ಥೈಮ್, ಒಂದು ಚಮಚ ಉಪ್ಪು ಹಾಕಿ, ಮೇಲೆ ಕುದಿಯುವ ನೀರು ಸುರಿದು ಮುಚ್ಚಿಬಿಡಿ. ಲೋದಲ್ಲಿ ಆರೇಳು ಗಂಟೆ. ಈ ಅವಧಿಯಲ್ಲಿ ಮನೆಯಲ್ಲಿ ಯಾರೂ ಇರಬೇಕಾಗಿಲ್ಲ.

ಜೋಳದ ಕಾಳು ಕೊನೆಗೇ ಏಕೆ? ಕಾಳು ಬೇಯಲು ಬೇಕಾಗುವುದು ನಿಮಿಷಗಳು. ಬೆಂದ ಜೋಳದ ಆ ಗುರುತಿನ ಪರಿಮಳಕ್ಕೆ ಮುಖ್ಯ ಕಾರಣ ಡೈಮೀಥೈಲ್ ಸಲ್ಫೈಡ್ ಎಂಬ ವಸ್ತು. ಅದು ಎಷ್ಟು ಹಗುರವೆಂದರೆ ಅದರ ಕುದಿಬಿಂದು ಸುಮಾರು 37 ಡಿಗ್ರಿ, ನಮ್ಮ ಮೈಯ ಬಿಸಿಯಷ್ಟೇ. ಬಿಸಿಯಾದ ಕ್ಷಣದಿಂದ ಅದು ಹಾರಿಹೋಗಲು ತೊಡಗುತ್ತದೆ. ಬೆಳಿಗ್ಗೆ ಹಾಕಿದ ಕಾಳಿನಲ್ಲಿ ಸಂಜೆಗೆ ಸಿಪ್ಪೆ ಉಳಿಯುತ್ತದೆ, ಪರಿಮಳ ಉಳಿಯುವುದಿಲ್ಲ. ಬಡಿಸುವುದಕ್ಕೆ ಅರ್ಧ ಗಂಟೆ ಮೊದಲು ಹಾಕಿದರೆ ಕಾಳು ಹಲ್ಲಿಗೆ ಸಿಕ್ಕು ಒಡೆಯುತ್ತದೆ, ಬಟ್ಟಲಿನಿಂದಲೇ ಪರಿಮಳ ಬರುತ್ತದೆ.

ಹಾಲಿನ ಮಾತೂ ಇದೇ. ತರಕಾರಿಗಳ ಸಣ್ಣ ಹುಳಿ, ಉಪ್ಪು, ಆಲೂಗಡ್ಡೆಯ ಒಗರು ಇವೆಲ್ಲ ಕುದಿಯ ಹತ್ತಿರದ ಕಾವಿನಲ್ಲಿ ಗಂಟೆಗಟ್ಟಲೆ ತಾಗಿದರೆ ಹಾಲಿನ ಪ್ರೋಟೀನು ಗಂಟುಗಟ್ಟುತ್ತದೆ. ಕೆಡದಿದ್ದರೂ ಒಡೆದಂತೆ ಕಾಣುತ್ತದೆ, ನಾಲಿಗೆಗೆ ಹಿಟ್ಟುಹಿಟ್ಟಾಗುತ್ತದೆ. ಕೆನೆಯಲ್ಲಿ ಕೊಬ್ಬು ಹೆಚ್ಚು, ಪ್ರೋಟೀನು ಕಡಿಮೆ. ಅದು ಒಡೆಯುವುದು ಅಪರೂಪ. ಅಮೆರಿಕದ ಅಡುಗೆಯವರು ಡಬ್ಬಿಯ ಇವಾಪೊರೇಟೆಡ್ ಹಾಲನ್ನು ನೆಚ್ಚುವುದಕ್ಕೂ ಕಾರಣವಿದೆ. ಅರ್ಧಕ್ಕೂ ಹೆಚ್ಚು ನೀರು ತೆಗೆದ, ಒಡೆಯದಂತೆ ಸ್ಥಿರಗೊಳಿಸಿದ ಹಾಲು ಅದು. ಸಾದಾ ಹಾಲೇ ಇರಲಿ ಎನ್ನುವವರು ಪೂರ್ಣ ಕೆನೆಯ ಹಾಲನ್ನು ಬೆಚ್ಚಗೆ ಮಾಡಿ ಕೊನೆಯಲ್ಲಿ ಸೇರಿಸಿದರೆ ತೊಂದರೆಯಿಲ್ಲ. ಸಕ್ಕರೆ ಹಾಕಿದ ಕಂಡೆನ್ಸ್ಡ್ ಹಾಲನ್ನು ಮಾತ್ರ ತಪ್ಪಿಯೂ ಮುಟ್ಟಬಾರದು.

ಸಂಜೆ ಮುಚ್ಚಳ ತೆಗೆದಾಗ ಮೊದಲು ದಿಂಡು, ಎಲೆ ಎತ್ತಿಹಾಕಿ. ಆಲೂಗಡ್ಡೆಯ ಕಾಲುಭಾಗವನ್ನು ಸೌಟಿನ ಹಿಂಬದಿಯಿಂದ ಪಾತ್ರೆಯ ಅಂಚಿಗೆ ಒತ್ತಿ ಮಸೆಯಿರಿ. ಜೋಳದ ಕಾಳಿನಲ್ಲೂ ಒಂದು ಹಿಡಿಯನ್ನು ಸ್ವಲ್ಪ ಹಾಲಿನ ಜೊತೆ ಮಿಕ್ಸಿಯಲ್ಲಿ ತಿರುವಿ ಸೇರಿಸಿ. ಮೈದಾ ಬೇಡ, ಕಾರ್ನ್‌ಫ್ಲೋರ್ ಬೇಡ. ಹೋಟೆಲಿನ ಚೌಡರಿಗೆ ಅಂಟಿನಂಥ ಗಟ್ಟಿತನ ಬರುವುದು ಮೈದಾದಿಂದ, ಅದು ಜೋಳದ ರುಚಿಯ ಮೇಲೆ ಕಂಬಳಿ ಹೊದಿಸಿಬಿಡುತ್ತದೆ. ಗಡ್ಡೆಯದೇ ಪಿಷ್ಟದಿಂದ ಬಂದ ಮಂದತನ ನಾಲಿಗೆಯ ಮೇಲೆ ಹಗುರ, ಹೊಟ್ಟೆಗೆ ಮಾತ್ರ ತುಂಬುವಂಥದ್ದು. ಮಸೆದ ಬಳಿಕ ಉಳಿದ ಕಾಳು, ದಿಂಡಿನ ರಸ, ಬೆಚ್ಚಗಿನ ಹಾಲು, ಕೆನೆ ಸೇರಿಸಿ, ಹೈ ಗುಂಡಿ ಒತ್ತಿ ಅರ್ಧ ಗಂಟೆ. ಕೊನೆಯಲ್ಲಿ ಕಾಳುಮೆಣಸು, ಉಪ್ಪಿನ ಹದ, ಮೇಲೆ ಹೆಚ್ಚಿದ ಎಳೆ ಈರುಳ್ಳಿ ಸೊಪ್ಪು. ಪಕ್ಕದಲ್ಲಿ ಗರಿಗರಿ ಕ್ರ್ಯಾಕರ್ ಇರಲಿ. ಹಳೆಯ ಹಡಗಿನ ಬಿಸ್ಕತ್ತಿನ ವಂಶ ಅದು.

ಯಾವ ಜೋಳ, ಯಾವ ಗಡ್ಡೆ ಎಂಬುದು ಇಲ್ಲಿ ಸಣ್ಣ ಪ್ರಶ್ನೆಯಲ್ಲ. ಹಳೆಯ ಸಿಹಿಜೋಳದ ತಳಿಗಳಲ್ಲಿ ಕಾಳಿನ ಒಳಗೆ ಕೆನೆಯಂಥ ತಿರುಳಿತ್ತು, ಆದರೆ ಮುರಿದ ಗಳಿಗೆಯಿಂದ ಸಕ್ಕರೆ ಪಿಷ್ಟವಾಗಿ ಬದಲಾಗತೊಡಗುತ್ತಿತ್ತು. ಮಾಮೂಲಿ ಬಿಸಿಲಲ್ಲಿ ಒಂದೇ ದಿನದಲ್ಲಿ ಸಿಹಿಯ ದೊಡ್ಡ ಪಾಲು ಮಾಯ. ಬೆಳಿಗ್ಗೆ ಮುರಿದದ್ದನ್ನು ಸಂಜೆಯೊಳಗೆ ಬೇಯಿಸುವ ನ್ಯೂ ಇಂಗ್ಲೆಂಡಿನವರ ಹಟ ಬಂದದ್ದು ಅಲ್ಲಿಂದ. 1950ರ ದಶಕದಲ್ಲಿ ಇಲಿನಾಯ್ ವಿಶ್ವವಿದ್ಯಾಲಯದ ತಳಿವಿಜ್ಞಾನಿ ಜಾನ್ ಲಾಫ್ನನ್, ಒಣಗಿದಾಗ ಕಾಳು ಸುಕ್ಕುಗಟ್ಟುವ ಒಂದು ಜೀನು ಇರುವ ಜೋಳದಲ್ಲಿ ಸಿಹಿ ಹಲವು ಪಟ್ಟು ಹೆಚ್ಚಿರುವುದನ್ನೂ ಅದು ದಿನಗಟ್ಟಲೆ ಉಳಿಯುವುದನ್ನೂ ತೋರಿಸಿಕೊಟ್ಟರು. ಇಂದಿನ ಸೂಪರ್‌ಸ್ವೀಟ್ ತಳಿಗಳ ಹುಟ್ಟು ಅದು. ಬೆಂಗಳೂರು, ಮೈಸೂರಿನ ಪೇಟೆಗಳಲ್ಲಿ ಸ್ವೀಟ್ ಕಾರ್ನ್ ಎಂದು ಸಿಗುವುದೂ ಹೆಚ್ಚಾಗಿ ಈ ಬಗೆಯೇ. ಸಿಹಿ ಹೆಚ್ಚಾದರೂ ಆ ಹಳೆಯ ಕೆನೆತಿರುಳು ಇದರಲ್ಲಿ ಇಲ್ಲ, ಒಳಗೆ ನೀರಿನಂಶ ಹೆಚ್ಚು. ಹಾಗಾಗಿ ನಮ್ಮ ಪೇಟೆಯ ಸ್ವೀಟ್ ಕಾರ್ನಿನಿಂದ ಮಾಡುವವರು ಒಂದು ಆಲೂಗಡ್ಡೆ ಹೆಚ್ಚಿಗೆ ಹಾಕಿ, ಇನ್ನೂ ಸ್ವಲ್ಪ ಹೆಚ್ಚು ಮಸೆಯಬೇಕು. ದಾವಣಗೆರೆ, ಹಾವೇರಿ ಕಡೆ ಸಾವಿರಾರು ಎಕರೆಯಲ್ಲಿ ನಿಲ್ಲುವ ಗೋವಿನಜೋಳ ಈ ಅಡುಗೆಗೆ ಆಗದು. ಅದು ಬಲಿತು ಒಣಗಿ ಕೋಳಿ ಆಹಾರಕ್ಕೂ ಹಿಟ್ಟಿಗೂ ಹೋಗುವ ಬೆಳೆ. ಹಾಲುಗಾಳಿನ ಹಂತದಲ್ಲಿ ಮುರಿದ ಎಳೆ ತೆನೆ ಸಿಕ್ಕರೆ ಮಾತ್ರ ಒಂದು ಚಮಚ ಸಕ್ಕರೆಯ ಸಹಾಯದಿಂದ ಮಾಡಬಹುದು, ರುಚಿ ಚೆನ್ನಾಗಿಯೇ ಇರುತ್ತದೆ.

ಆಲೂಗಡ್ಡೆಯಲ್ಲಿ ಅಮೆರಿಕದವರು ಯೂಕಾನ್ ಗೋಲ್ಡ್ ಹುಡುಕುತ್ತಾರೆ. ಕೆನಡಾದ ಗ್ವೆಲ್ಫ್ ವಿಶ್ವವಿದ್ಯಾಲಯದಲ್ಲಿ ಹುಟ್ಟಿ 1980ರಲ್ಲಿ ಬಿಡುಗಡೆಯಾದ ಹಳದಿ ತಿರುಳಿನ ತಳಿ ಅದು. ಪೂರ್ತಿ ಹುಡಿಯಾಗುವುದೂ ಇಲ್ಲ, ಪೂರ್ತಿ ಅಂಟೂ ಅಲ್ಲ. ನಮ್ಮಲ್ಲಿ ಹಾಸನದ ಕಡೆಯಿಂದ ಬರುವ ಹೊಸ ಗಡ್ಡೆಗೆ ಪಿಷ್ಟ ಕಡಿಮೆ. ತುಂಡಿಗೆ ಅದನ್ನೂ, ಮಸೆಯಲು ಹಳೆಯ ದಾಸ್ತಾನಿನ ಗಡ್ಡೆಯನ್ನೂ ಬೆರೆಸಿದರೆ ಕೆಲಸವಾಗುತ್ತದೆ. ಬೇ ಎಲೆಯ ಬದಲು ಡಬ್ಬದಲ್ಲಿರುವ ಪಲಾವ್ ಎಲೆ ಹಾಕುವವರಿದ್ದಾರೆ. ಎರಡೂ ಬೇರೆ ಮರದವು. ಪಲಾವ್ ಎಲೆಗೆ ಚಕ್ಕೆಯ ಘಮ, ಚೌಡರಿನಲ್ಲಿ ಅದು ಎದ್ದು ಕೂರುತ್ತದೆ. ಇಲ್ಲದಿದ್ದರೆ ಎಲೆಯನ್ನೇ ಬಿಡಿ.

ಬಾಸ್ಟನ್ನಿನ ಸುತ್ತಮುತ್ತ ನೆಲೆಸಿದ ಕನ್ನಡದ ಮನೆಗಳಲ್ಲೂ ಸ್ಲೋ ಕುಕ್ಕರ್ ಉಂಟು. ಚೌಡರಿಗೆ ಹಸಿಮೆಣಸು, ಒಗ್ಗರಣೆ, ಕೊತ್ತಂಬರಿ ಸೊಪ್ಪು ಸೇರಿಸುವವರಿಗೆ ನನ್ನ ತಕರಾರಿಲ್ಲ. ಒಂದು ಬ್ಯಾಡಗಿ ಮೆಣಸಿನಕಾಯಿಯನ್ನು ಬೆಣ್ಣೆಯಲ್ಲಿ ಹುರಿದು ತೆಗೆದರೆ ಬಣ್ಣವೂ ಸಣ್ಣ ಖಾರವೂ ಬರುತ್ತವೆ. ಗರಂ ಮಸಾಲೆ ಮಾತ್ರ ಬೇಡ, ಜೋಳದ ಪರಿಮಳ ಅದರ ಎದುರು ನಿಲ್ಲಲಾರದು. ಪ್ರೋಟೀನು ಸೇರಲೆಂದು ರಾಜ್ಮಾ ಹಾಕುವವರು ಒಂದು ಎಚ್ಚರಿಕೆ ಮರೆಯಬಾರದು. ಹಸಿ ಕೆಂಪು ರಾಜ್ಮಾದಲ್ಲಿ ಲೆಕ್ಟಿನ್ ಎಂಬ ವಿಷಕಾರಿ ಪ್ರೋಟೀನಿದೆ. ನಾಲ್ಕೈದು ಕಾಳು ತಿಂದರೂ ತೀವ್ರ ವಾಂತಿಯಾಗಬಹುದು. ಪೂರ್ತಿ ಕುದಿದರೆ ಮಾತ್ರ ಅದು ನಾಶವಾಗುತ್ತದೆ. 80 ಡಿಗ್ರಿಯ ಒಳಗಿನ ಮಂದ ಕಾವಿನಲ್ಲಿ ವಿಷ ಇನ್ನಷ್ಟು ಹೆಚ್ಚುತ್ತದೆ. ರಾತ್ರಿಯಿಡೀ ನೆನೆಸಿ, ಆ ನೀರು ಚೆಲ್ಲಿ, ಹೊಸ ನೀರಿನಲ್ಲಿ ಒಲೆಯ ಮೇಲೆ ಕನಿಷ್ಠ ಅರ್ಧ ಗಂಟೆ ಜೋರಾಗಿ ಕುದಿಸಿದ ಮೇಲೆಯೇ ರಾಜ್ಮಾ ಸ್ಲೋ ಕುಕ್ಕರಿಗೆ ಇಳಿಯಬೇಕು. ಪ್ರೆಷರ್ ಕುಕ್ಕರಿನಲ್ಲಿ ಬೇಯಿಸಿದ್ದಾದರೆ ಚಿಂತೆಯೇ ಇಲ್ಲ.

ಅಲ್ಲಿಂದ ಊರಿಗೆ ಮರಳುವಾಗ ಪಾತ್ರೆಯನ್ನೂ ಹೊತ್ತು ತರುವವರಿಗೆ ಇನ್ನೊಂದು ಮಾತು. ಅಮೆರಿಕದ ಮನೆಗಳ ವಿದ್ಯುತ್ 120 ವೋಲ್ಟ್, ನಮ್ಮದು 230. ಕಾಯುವ ತಂತಿಯೊಂದರ ಶಾಖ ವೋಲ್ಟಿನ ವರ್ಗದ ಲೆಕ್ಕದಲ್ಲಿ ಏರುತ್ತದೆ. ಅಂದರೆ 250 ವಾಟಿನ ಪಾತ್ರೆ ನಮ್ಮ ಗೋಡೆಯ ಪ್ಲಗ್ಗಿನಲ್ಲಿ 900 ವಾಟ್ ದಾಟಲು ಹೊರಡುತ್ತದೆ. ತಂತಿ ಸುಡುತ್ತದೆ, ಪಿಂಗಾಣಿ ಬಿರಿಯಬಹುದು. ಪ್ಲಗ್ಗಿನ ಆಕಾರ ಬದಲಿಸುವ ಅಡಾಪ್ಟರ್ ಇದನ್ನು ತಡೆಯದು. ಇಲ್ಲಿಯ ವೋಲ್ಟೇಜಿಗೆ ಮಾಡಿದ್ದನ್ನೇ ಕೊಳ್ಳುವುದು ಸರಿ. ಸ್ಲೋ ಕುಕ್ಕರೇ ಇಲ್ಲದವರು ದಪ್ಪ ತಳದ ಪಾತ್ರೆಯಲ್ಲಿ, ಸಣ್ಣ ಉರಿಯಲ್ಲಿ, ಇದೇ ಸರದಿಯಲ್ಲಿ ಮುಕ್ಕಾಲು ಗಂಟೆಯಲ್ಲಿ ಮಾಡಬಹುದು. ದಿಂಡಿನ ಕಟ್ಟನ್ನು ಪ್ರೆಷರ್ ಕುಕ್ಕರಿನಲ್ಲಿ ಎರಡು ಮೂರು ವಿಸಲ್ ಕೂಗಿಸಿ ಬೇರೆಯಾಗಿ ತೆಗೆದಿಟ್ಟುಕೊಳ್ಳಬೇಕು, ಅಷ್ಟೇ.

ಉಳಿದದ್ದನ್ನು ಪಿಂಗಾಣಿ ಬೋಗುಣಿಯಲ್ಲೇ ಫ್ರಿಜ್ಜಿಗಿಡಬೇಡಿ. ಅದು ತಣಿಯಲು ಗಂಟೆಗಳು ಬೇಕು, 60 ಡಿಗ್ರಿಗಿಂತ ಕೆಳಗಿನ ಬೆಚ್ಚನೆಯ ವೇಳೆ ರೋಗಾಣುಗಳಿಗೆ ಹಬ್ಬ. ಅಗಲವಾದ ಡಬ್ಬಗಳಿಗೆ ಹಂಚಿ ಎರಡು ಗಂಟೆಯೊಳಗೆ ಒಳಗಿಡಿ. ಮರುದಿನ ಪಿಷ್ಟ ಬಿಗಿದು ಚೌಡರ್ ಇನ್ನಷ್ಟು ಗಟ್ಟಿಯಾಗಿರುತ್ತದೆ. ಸ್ವಲ್ಪ ಹಾಲು ಬೆರೆಸಿ, ಕುದಿಸದೆ, ಒಲೆಯ ಮೇಲೆ ಹಬೆಯಾಡುವಷ್ಟು ಬಿಸಿ ಮಾಡಿ. ಸ್ಲೋ ಕುಕ್ಕರಿನಲ್ಲಿ ಮತ್ತೆ ಬಿಸಿ ಮಾಡುವುದು ಸಲ್ಲದು, ಅದು ಕಾಯುವುದು ತೀರಾ ತಡವಾಗಿ. ತಿಂಗಳ ಮಟ್ಟಿಗೆ ಫ್ರೀಜರಿನಲ್ಲಿ ಇಡುವ ಯೋಚನೆಯಿದ್ದರೆ ಹಾಲು, ಕೆನೆ ಸೇರಿಸುವ ಮೊದಲೇ ದಿಂಡಿನ ಕಟ್ಟು ಮತ್ತು ಮಸೆದ ಗಡ್ಡೆಯನ್ನಷ್ಟೇ ತೆಗೆದಿಡಿ. ಬಿಡಿಸಿದ ಕಾಳನ್ನು ಬೇರೆ ಚೀಲದಲ್ಲಿ ಹಸಿಯಾಗಿಯೇ ಮಂಜುಗಟ್ಟಿಸಬಹುದು. ಬೇಕೆನಿಸಿದ ದಿನ ಎರಡನ್ನೂ ಕೂಡಿಸಿ, ಹಾಲು ಸುರಿದರೆ ಇಪ್ಪತ್ತೇ ನಿಮಿಷ.